ಬರೀ ನಿಂತಿದ್ದಕ್ಕೆ

ಜೂನ್ 9, 2025

ಬೈಯಲು ಮನೆಯಲ್ಲಿ ಜನವಿಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಗೊಬ್ಬರದ ಅಂಗಡಿಯವರು ಕೊಟ್ಟ ಈ ಡೈರಿ ಇಷ್ಟು ದಿನ ನಮ್ಮ ಹಿಟ್ಟಿನ ಮಿಲ್ಲಿನ ಕುಂಟು ಮೇಜಿನ ಕಾಲ ಕೆಳಗಿತ್ತು. ಇವತ್ತು ಎಳೆದುಕೊಂಡೆ. ಮೇಜು ಕುಂಟಿದರೆ ಕುಂಟಲಿ.

ಬೆಳಗ್ಗೆ ಪೊಲೀಸರು ಬಂದು ನಮ್ಮವರನ್ನು ಕರೆದುಕೊಂಡು ಹೋದರು. ಗೂಂಡಾ ಕಾಯ್ದೆಯಂತೆ. ಒಂದು ವರ್ಷದ ತನಕ ಒಳಗಿಡಬಹುದಂತೆ. ಅವರು ಬಂದಾಗ ಇವರು ಹಿತ್ತಲಲ್ಲಿ ಕನ್ನಡಿ ಹಿಡಿದು ಮೀಸೆಗೆ ಬಣ್ಣ ಹಚ್ಚುತ್ತಿದ್ದರು. ಎಡಗಡೆ ಮುಗಿದಿತ್ತು, ಬಲಗಡೆ ಬಾಕಿ ಇತ್ತು. "ಐದು ನಿಮಿಷ ಕೊಡಿ ಸಾರ್" ಎಂದು ಕೇಳಿಕೊಂಡರು. ಹೊಸದಾಗಿ ಬಂದಿರುವ ಸಬ್ ಇನ್ಸ್‌ಪೆಕ್ಟರು ಕೊಡಲಿಲ್ಲ. ಅರ್ಧ ಕಪ್ಪು ಅರ್ಧ ಬಿಳಿ ಮೀಸೆಯಲ್ಲೇ ಜೀಪು ಹತ್ತಿದರು. ಅಜ್ಜಂಪುರದ ಸ್ಟೇಷನ್ ರಸ್ತೆಯವರೆಲ್ಲ ಬಾಗಿಲಿಗೆ ಬಂದು ನೋಡಿದರು.

ಇವರ ಕಸುಬು ನಿಲ್ಲುವುದು. ಹೊಸಬರಿಗೆ ಹೇಳಿದರೆ ನಂಬುವುದಿಲ್ಲ, ಆದರೆ ನಿಜ. ಆರಡಿ ಮೇಲೆ ಎರಡಂಗುಲ ಎತ್ತರ, ಬಾಗಿಲಷ್ಟು ಅಗಲ, ಆ ಮೀಸೆ. ಎಲ್ಲಿ ಜಗಳ ಆಗುವ ಸೂಚನೆ ಇದೆಯೋ ಅಲ್ಲಿಗೆ ಜನ "ಕಲ್ಲೇಶಣ್ಣ, ಒಂದ್ ಗಳಿಗೆ ಬಂದು ನಿಂತ್ಕೊಳ್ಳಿ" ಎಂದು ಕರೆದೊಯ್ಯುತ್ತಾರೆ. ಇವರು ಹೋಗಿ ಕೈಕಟ್ಟಿ ನಿಲ್ಲುತ್ತಾರೆ. ಮಾತಿಲ್ಲ, ಕತೆಯಿಲ್ಲ. ಜಗಳ ಆಗುವುದಿಲ್ಲ. ಊಟ ಹಾಕಿಸಿ ಕಳಿಸುತ್ತಾರೆ. ನಾನು ಇಲ್ಲಿ ಮಿಲ್ಲಿನಲ್ಲಿ ಹಿಟ್ಟು ಕುಡಿದು ಸಾಯುತ್ತಿರುತ್ತೇನೆ, ಇವರು ಅಲ್ಲಿ ನಿಂತು ಹೋಳಿಗೆ ತಿಂದು ಬರುತ್ತಾರೆ.

ರೌಡಿ ಶೀಟು ಇರುವುದೂ ನಿಜ. ಕಾಲೇಜಿನ ದಿನಗಳಲ್ಲಿ ತರೀಕೆರೆಯ ವಾಲಿಬಾಲ್ ಫೈನಲ್ಲಿನಲ್ಲಿ ಗಲಾಟೆಯಾಗಿ, ಇವರು ಹಿಡಿದುಕೊಂಡಿದ್ದ ನೆಟ್ಟಿನ ಕಂಬ ಯಾರದೋ ಮೇಲೆ ಬಿತ್ತು. ಮಿಕ್ಕವರೆಲ್ಲ ಓಡಿದರು. ನಿಂತಿದ್ದವರು ಇವರೊಬ್ಬರೇ, ಸಿಕ್ಕಿದವರೂ ಇವರೊಬ್ಬರೇ. ಕೇಸು ಎಂದೋ ಬಿದ್ದುಹೋಯಿತು, ಶೀಟು ಉಳಿಯಿತು. ಆ ಶೀಟೇ ಇವರ ಡಿಗ್ರಿ ಸರ್ಟಿಫಿಕೇಟು.

ಆದೇಶವನ್ನು ಕಾನ್‌ಸ್ಟೇಬಲ್ ಕಾಂತರಾಜು ಓದಿ ಹೇಳಿದ. ನಮ್ಮಲ್ಲೇ ರಾಗಿ ಬೀಸಿಸುವವನು, ತಲೆ ಎತ್ತಲೂ ನಾಚಿಕೆ ಪಡುತ್ತಿದ್ದ. "ಮುಂದೆ ಎಸಗಬಹುದಾದ ಕೃತ್ಯಗಳನ್ನು ತಡೆಯುವ ಸಲುವಾಗಿ" ಎಂದಿದೆ. ಮುಂದೆ ಏನಾದರೂ ಮಾಡಬಹುದು ಎಂದು ಹಿಡಿದಿದ್ದಾರೆ. ಮದುವೆಯಾದಾಗಿನಿಂದ ನಾನೂ ಅದನ್ನೇ ಕಾಯುತ್ತಿದ್ದೇನೆ, ಈ ಮನುಷ್ಯ ಮುಂದೆ ಏನಾದರೂ ಮಾಡಿಯಾರು ಎಂದು. ಸರ್ಕಾರಕ್ಕೆ ಇವರ ಮೇಲೆ ನನಗಿಂತ ಹೆಚ್ಚು ನಂಬಿಕೆ ಇದ್ದ ಹಾಗಿದೆ.

ಒಂದು ಲಾಭವೆಂದರೆ ಇವತ್ತು ಗೊರಕೆ ಇರುವುದಿಲ್ಲ. ನೆಮ್ಮದಿಯಾಗಿ ಮಲಗುತ್ತೇನೆ.

ಜೂನ್ 10

ನಿದ್ದೆ ಬರಲಿಲ್ಲ. ಪಕ್ಕದ ಮನೆ ದೊಡ್ಡಬೀರಪ್ಪನ ಟರ್ಕಿ ಕೋಳಿ ಕೂಗುತ್ತಿದ್ದದ್ದಕ್ಕೆ ಇರಬೇಕು.

ಜೂನ್ 13

ತರೀಕೆರೆಗೆ ಹೋಗಿ ವಕೀಲರನ್ನು ನೋಡಿದೆ. ಅಂಬರೀನ್ ಎಂದು ಹೆಸರು, ಸಣ್ಣ ಹುಡುಗಿ. ನಮ್ಮವರ ಪಕ್ಕದಲ್ಲಿ ನಿಂತರೆ ಅವರ ಅಂಗಿ ಜೇಬಿನಲ್ಲಿ ಇಟ್ಟುಕೊಳ್ಳಬಹುದು. ಆದರೆ ಮಾತು ಮಾತ್ರ ಕತ್ತರಿ. ಆದೇಶದ ಕಾರಣಗಳನ್ನು ಓದುತ್ತಾ ಓದುತ್ತಾ ಅವಳ ಹುಬ್ಬು ಮೇಲೇರಿತು.

ಕಾರಣ ಒಂದು: ಬೀರೂರಿನ ತೆಂಗಿನಕಾಯಿ ಮಂಡಿಯ ಮುಂದೆ ನಿಂತಿದ್ದನು. ಕಾರಣ ಎರಡು: ತರೀಕೆರೆಯ ಕಲ್ಯಾಣ ಮಂಟಪವೊಂದರ ಬಾಗಿಲಲ್ಲಿ ನಿಂತಿದ್ದನು. ಕಾರಣ ಮೂರು: ಸರ್ವೆ ಕಲ್ಲು ನೆಡುವಾಗ ಹೊಲದ ಬದುವಿನಲ್ಲಿ ನಿಂತಿದ್ದನು, ಅದರಿಂದ ಸಾರ್ವಜನಿಕರು ಭಯಭೀತರಾಗಿ ಮನೆ ಸೇರಿಕೊಂಡರು.

"ಅಲ್ಲಿ ಇದ್ದ ಸಾರ್ವಜನಿಕ್ರು ಯಾರು ಅಕ್ಕಾ?" ಎಂದಳು.

"ಇಬ್ರು ಅಣ್ಣತಮ್ಮ, ಒಂದು ಎಮ್ಮೆ" ಎಂದೆ.

ಇಬ್ಬರು ಕಿತ್ತಾಡುವುದು ಬೇರೆ, ಊರಿನ ನೆಮ್ಮದಿ ಕೆಡುವುದು ಬೇರೆಯಂತೆ. ಜಗಳ, ಹೊಡೆದಾಟಕ್ಕೆ ಮಾಮೂಲಿ ಕಾನೂನು ಇದೆ, ಕೇಸು ಹಾಕಿ, ಸಾಕ್ಷಿ ಕರೆದು, ಶಿಕ್ಷೆ ಕೊಡಲಿ. ವಿಚಾರಣೆ ಇಲ್ಲದೆ ಕೂಡಿ ಹಾಕುವ ಈ ಕಾಯ್ದೆಯನ್ನು ಊರಿಗೆ ಊರೇ ನಡುಗುವಂಥ ಸಂದರ್ಭಕ್ಕೆ ಮಾತ್ರ ಬಳಸಬೇಕಂತೆ. ಹೈಕೋರ್ಟಿಗೂ ಅರ್ಜಿ ಹಾಕುತ್ತಾಳೆ, ಅದು ನಿಧಾನ. ಅದಕ್ಕಿಂತ ಮೊದಲು ಸಲಹಾ ಮಂಡಳಿ ಎಂದು ಒಂದಿದೆ. ಮೂವರು ನ್ಯಾಯಾಧೀಶರು ಕೂತು ಆದೇಶ ಸರಿಯೋ ತಪ್ಪೋ ನೋಡುತ್ತಾರೆ. ಕಾರಣ ಸಾಲದು ಎಂದು ಅವರು ಹೇಳಿಬಿಟ್ಟರೆ ಸರ್ಕಾರ ಬಿಡಲೇಬೇಕು. ಇವರ ಹೆಸರಲ್ಲಿ ಸರ್ಕಾರಕ್ಕೆ ಒಂದು ಮನವಿಯನ್ನೂ ಬರೆದು ಜೈಲಿಗೆ ಕಳಿಸಿದಳು, ಇವರ ಸಹಿಗೆ.

"ಅಣ್ಣಾವ್ರು ಯಾರಿಗೂ ತೊಂದ್ರೆ ಕೊಡೋರಲ್ಲ ಅಂತ ನಾಲ್ಕು ಜನರ ಹತ್ರ ಬರೆಸ್ಕೊಂಡ್ ಬನ್ನಿ" ಎಂದಳು. ಅದೇನು ದೊಡ್ಡ ವಿಷಯ ಎಂದು ಒಪ್ಪಿಕೊಂಡೆ.

ಜೂನ್ 16

ದೊಡ್ಡ ವಿಷಯವೇ.

ಮೊದಲು ತರೀಕೆರೆಯ ಗುಲಾಮ್ ಮೊಹಿದ್ದೀನ್ ಸಾಬ್ರ ಹತ್ತಿರ ಹೋದೆ. ಶಾಮಿಯಾನದ ಅಂಗಡಿ ಅವರದು. ಮದುವೆ ಮನೆಯಲ್ಲಿ ಯಾರಾದರೂ ಕುಡಿದು ಕುರ್ಚಿ ಮುರಿಯುವ ಲಕ್ಷಣ ಕಂಡರೆ ಇವರನ್ನು ಕರೆಸುತ್ತಿದ್ದರು. ಪಾಪ, ಸುದ್ದಿ ಕೇಳಿ ಕಣ್ಣಲ್ಲಿ ನೀರು ಹಾಕಿದರು. ಚಹಾ ತರಿಸಿದರು. ನಾಲ್ಕು ಒಳ್ಳೆಯ ಮಾತು ಬರೆದು ಕೊಡಿ ಎಂದೆ. "ಯಾಕಿಲ್ಲ ತಂಗೀ" ಎಂದು ಕನ್ನಡಕ ಹಾಕಿಕೊಂಡು ಬರೆದರು. ಬಸ್ಸಿನಲ್ಲಿ ಕೂತು ಓದಿದೆ. "ಕಲ್ಲೇಶ್‌ರವರು ಬಾಗಿಲಲ್ಲಿ ಕಾಣಿಸಿದರೆ ಸಾಕು, ಎಂಥ ಪುಂಡನೂ ಚಡ್ಡಿ ಒದ್ದೆ ಮಾಡಿಕೊಳ್ಳುತ್ತಿದ್ದನು. ಇಂಥ ಗಂಡಸು ಮೂರು ತಾಲ್ಲೂಕಿನಲ್ಲಿ ಇಲ್ಲ" ಎಂದಿದೆ.

ಬೀರೂರಿನ ತೆಂಗಿನಕಾಯಿ ಮಂಡಿ ದೇವೀರಪ್ಪನವರು ಇನ್ನೂ ಒಂದು ಕೈ ಮೇಲೆ. "ಬರ್ಕೊಳಮ್ಮ, ಸಿಂಹ ಅಂತ ಬರ್ಕೋ. ಅವ್ರು ಕೆಮ್ಮಿದ್ರೆ ಲಾರಿ ಡ್ರೈವರ್‌ಗಳು ತಾವಾಗೇ ಹಿಂದಕ್ಕೆ ತಗೀತಿದ್ರು" ಎಂದರು. ಅವರು ಕೆಮ್ಮುತ್ತಿದ್ದದ್ದು ಧೂಳಿಗೆ ಕಣ್ರೀ ಎಂದೆ. ಕೇಳಲಿಲ್ಲ.

ಎಲ್ಲರಿಗೂ ಇವರ ಮೇಲೆ ಪ್ರೀತಿ. ಆ ಪ್ರೀತಿಯಲ್ಲೇ ಇವರನ್ನು ಇನ್ನೊಂದು ವರ್ಷ ಒಳಗೆ ಕೂರಿಸುತ್ತಾರೆ. ಅಂಬರೀನ್ ಎರಡನ್ನೂ ಓದಿ ತಲೆ ಹಿಡಿದುಕೊಂಡಳು. "ಇದನ್ನ ಪೊಲೀಸ್ನೋರಿಗೆ ಕೊಟ್ರೆ ಅವ್ರು ಫ್ರೇಮ್ ಹಾಕಿಸ್ಕೋತಾರೆ ಅಕ್ಕಾ" ಎಂದಳು.

ಜೂನ್ 20

ಇವರನ್ನು ನೋಡಿಕೊಂಡು ಬಂದೆ. ಹುಬ್ಬಳ್ಳಿಯಲ್ಲಿ ರೈಲು ಇಳಿದು, ಅಲ್ಲಿಂದ ಬಸ್ಸು, ಮೈಯೆಲ್ಲ ನುಚ್ಚುನೂರು. ಇಷ್ಟು ದೂರ ಇಟ್ಟರೆ ಊರಿನವರಿಗೆ ಭಯ ಕಡಿಮೆಯಾಗುತ್ತದಂತೆ. ಭಯ ಯಾರಿಗಿತ್ತು?

ಗಾಜಿನ ಆಚೆ ಫೋನು ಹಿಡಿದು ಕೂತಿದ್ದರು. ಹೇಗಿದ್ದೀಯ, ಉಂಡೆಯಾ, ಒಂದೂ ಇಲ್ಲ. "ಡೈ ತಂದ್ಯೇನೇ?" ಎಂದರು.

"ಬಿಡಲ್ವಂತೆ" ಎಂದೆ.

"ಭಾರಿ ಕಷ್ಟ ಆಗೈತೆ ಕಣೇ ಹೇಮಾ. ಎಡಗಡೆಯಿಂದ ಬಂದೋರು ಹೆದರ್ಕೋತಾರೆ, ಬಲಗಡೆಯಿಂದ ಬಂದೋರು ತಾತ ಅಂತಾರೆ."

ಅಲ್ಲಿ ನಲ್ಲಿಯ ಹತ್ತಿರ ದಿನಾ ಬೆಳಗ್ಗೆ ಜಗಳವಾಗುತ್ತಿತ್ತಂತೆ. ವಾರ್ಡರು ಇವರನ್ನು ಕರೆದು ಅಲ್ಲಿ ನಿಲ್ಲಿಸಿದ್ದಾರೆ. ಈಗ ಎಲ್ಲರೂ ಸಾಲಾಗಿ ನೀರು ಹಿಡಿಯುತ್ತಾರಂತೆ. ಯಾವ ಕೆಲಸಕ್ಕೆ ಇವರನ್ನು ಹಿಡಿದು ತಂದರೋ ಅದೇ ಕೆಲಸವನ್ನು ಬಿಟ್ಟಿಯಾಗಿ ಮಾಡಿಸಿಕೊಳ್ಳುತ್ತಿದ್ದಾರೆ. ಇವರು ಅದನ್ನು ಹೆಮ್ಮೆಯಿಂದ ಹೇಳಿದರು.

ನಾನು ಅಂಬರೀನ್ ಹೇಳಿದ್ದನ್ನೆಲ್ಲ ಹೇಳಿ, ನೀವು ಸಾಧು ಪ್ರಾಣಿ ಎಂದು ತೋರಿಸಬೇಕು ಎಂದೆ. ಮುಖ ಗಂಟಿಕ್ಕಿದರು.

"ಪುಕ್ಕಲ ಅಂತ ಬರೆಸ್ಕೊಂಡು ಆಚೆ ಬಂದ್ರೆ ನಾಳೆ ನನ್ನ ಯಾವನು ಕರೀತಾನೆ? ನಂಗೆ ಬೇರೆ ಕೆಲಸ ಬತ್ತದಾ? ಒಂದು ವರ್ಷ ತಾನೇ, ಇದ್ದು ಬತ್ತೀನಿ."

"ಇರಿ, ಇಲ್ಲೇ ಇರಿ, ಇಲ್ಲೇ ಒಂದು ಮನೆ ಕಟ್ಕೊಳ್ಳಿ" ಎಂದು ಫೋನು ಕುಕ್ಕಿ ಬಂದೆ. ಬರುವಾಗ ತಿರುಗಿ ನೋಡಿದೆ, ಇವರು ಇನ್ನೂ ಫೋನು ಕಿವಿಗೆ ಹಿಡಿದೇ ಕೂತಿದ್ದರು. ಅಂಗಿ ದೊಗಳೆಯಾಗಿ ಕಾಣುತ್ತಿತ್ತು. ಜೈಲಿನ ನೀರಿಗೆ ಬಟ್ಟೆ ಹಿಗ್ಗುತ್ತದೋ ಏನೋ.

ಜೂನ್ 24

ಹುಲಿಗೆಮ್ಮ ಮಿಲ್ಲಿಗೆ ಅಳುತ್ತಾ ಬಂದಳು. ಅವಳ ಹೊಲದ ಬದುವಿಗೆ ಸರ್ವೆಯವರು ಕಲ್ಲು ನೆಡಲು ಬಂದಿದ್ದಾರೆ, ಆಚೆ ಹೊಲದವರು ಗುದ್ದಲಿ ಹಿಡಿದು ನಿಂತಿದ್ದಾರೆ. "ಕಲ್ಲೇಶಣ್ಣ ಇದ್ದಿದ್ರೆ ಹಿಂಗಾಯ್ತಿತ್ತಾ? ನೀನಾದ್ರೂ ಬಾರೆ ಹೇಮಕ್ಕ, ನಿನ್ ಮುಖ ನೋಡಿದ್ರೂ ಸ್ವಲ್ಪ ಹೆದರ್ತಾರೆ" ಎಂದಳು.

ಇದು ಹೊಗಳಿಕೆಯೋ ಬೈಗುಳವೋ ಕೇಳಲು ಪುರುಸೊತ್ತಿರಲಿಲ್ಲ. ಮೆಣಸಿನಕಾಯಿ ಬೀಸುತ್ತಿದ್ದವಳು ಹಾಗೇ ಎದ್ದು ಆಟೋ ಹತ್ತಿದೆ. ಹೋಗಿ ನಮ್ಮವರ ಹಾಗೆ ಕೈಕಟ್ಟಿ ಬದುವಿನ ಮೇಲೆ ನಿಂತೆ. ಏನು ಮಾಡಬೇಕು ಗೊತ್ತಿಲ್ಲ, ಸುಮ್ಮನೆ ನಿಂತೆ. ಅಷ್ಟರಲ್ಲಿ ಗಾಳಿ ಬೀಸಿತು. ನನ್ನ ಸೀರೆಯ ತುಂಬ ಖಾರದ ಪುಡಿ. ಗುದ್ದಲಿ ಹಿಡಿದವನು ಒಂದು ಸೀನಿದ, ಎರಡು ಸೀನಿದ, ಆಮೇಲೆ ಗುದ್ದಲಿ ಕೆಳಗಿಟ್ಟು ಕೂತು ಸೀನಿದ. ಸರ್ವೆಯವನು ಸರಪಳಿ ಹಿಡಿದುಕೊಂಡೇ ಸೀನಿದ. ಎಲ್ಲರೂ ಕಣ್ಣು ಒರೆಸಿಕೊಂಡು ಮುಗಿಸುವಷ್ಟರಲ್ಲಿ ಕಲ್ಲು ನೆಟ್ಟಾಗಿತ್ತು. ಆಚೆಯವನೇ ನನಗೆ ಮಜ್ಜಿಗೆ ತರಿಸಿದ.

ಇದು ಇದೊಂದೇ ಸಲ. ನನಗೆ ಮಿಲ್ಲಿನ ಕೆಲಸ ಬೇಕಾದಷ್ಟಿದೆ.

ಜೂನ್ 28

ಕಡೂರಿಗೆ ಹೋಗಿದ್ದೆ. ಬಸ್ ಸ್ಟ್ಯಾಂಡಿನಲ್ಲಿ ಎಳನೀರು ಗಾಡಿಯವರ ಜಾಗದ ಜಗಳ. ನಾನೇನೂ ನಿಲ್ಲಲಿಲ್ಲ, ಬಸ್ಸು ಕಾಯುತ್ತಿದ್ದೆ ಅಷ್ಟೆ. ಅಲ್ಲೇ ಕಾದೆ, ಇಬ್ಬರ ನಡುವೆ.

ಜುಲೈ 1

ಬೆಳಗ್ಗೆ ಎದ್ದು ನೋಡಿದರೆ ರೈಲ್ವೆ ಗೇಟಿನ ಹತ್ತಿರ ಹುಡುಗರು ಫ್ಲೆಕ್ಸ್ ಕಟ್ಟಿದ್ದಾರೆ. ಇವರ ಫೋಟೋ, ಹಿಂದೆ ಬೆಂಕಿ, ಪಕ್ಕದಲ್ಲಿ ಒಂದು ಹುಲಿ. "ಅಜ್ಜಂಪುರದ ಗರ್ಜನೆ, ಮುಟ್ಟಿದ್ರೆ ಹುಷಾರ್." ಫೋಟೋದಲ್ಲಿ ಮೀಸೆಗೆ ಕಂಪ್ಯೂಟರಿನಲ್ಲಿ ಪೂರ್ತಿ ಕಪ್ಪು ಬಳಿದಿದ್ದರು, ಅದೊಂದನ್ನು ಮೆಚ್ಚಿದೆ. ಕುಡುಗೋಲು ತಂದು ಹಗ್ಗ ಕತ್ತರಿಸಿದೆ. ಹುಡುಗರು ಗೊಣಗಿದರು. ಹೋಗ್ರೋ, ಹೋಗಿ ಓದ್ಕೊಳ್ಳಿ ಎಂದೆ. ಫ್ಲೆಕ್ಸ್ ಮಿಲ್ಲಿನ ಮಾಡಿಗೆ ಹೊದಿಸಿದ್ದೇನೆ, ಈಗ ಸೋರುತ್ತಿಲ್ಲ. ಮಾಡು ಒಡೆದ ಕಡೆ ಚಿತ್ರ ಒಳಮುಖ ಮಾಡಿ ಹೊದಿಸಿದ್ದರಿಂದ ಇವರ ಮುಖ ರಾಗಿ ಚೀಲದ ಮೇಲಕ್ಕೆ ಸರಿಯಾಗಿ ಕಾಣುತ್ತದೆ.

ಜುಲೈ 5

ಸಲಹಾ ಮಂಡಳಿ ದಿನ ಕೊಟ್ಟಿದೆ, ಹದಿನೈದಕ್ಕೆ, ಬೆಂಗಳೂರಿನಲ್ಲಿ. ಅಂಬರೀನ್ ಬರುತ್ತಾಳೆ, ಸರಿಹೋಯಿತು ಎಂದುಕೊಂಡಿದ್ದೆ. ಅವಳು ಒಳಗೆ ಬರುವ ಹಾಗಿಲ್ಲವಂತೆ. ಆ ಮಂಡಳಿಯ ಮುಂದೆ ವಕೀಲರು ವಾದ ಮಾಡಲು ಹಕ್ಕಿಲ್ಲ. ಆದರೆ ಒಳಗಿರುವವನು ವಕೀಲನಲ್ಲದ ಒಬ್ಬ ಸ್ನೇಹಿತನನ್ನು ಜೊತೆಗೆ ಕರೆದುಕೊಳ್ಳಬಹುದಂತೆ.

ಸ್ನೇಹಿತರಿಗೇನು ಬರ, ಮೂರು ತಾಲ್ಲೂಕಿನಲ್ಲಿ ಇವರು ಎಲ್ಲರ ಮನೆಯ ಹೋಳಿಗೆ ತಿಂದವರು. ಮೊನ್ನೆಯಿಂದ ಎಲ್ಲರನ್ನೂ ಕೇಳಿದೆ. ಗೂಂಡಾ ಎಂದು ಹಿಡಿದವನಿಗೆ ನಾನು ಸ್ನೇಹಿತ ಎಂದು ಜಡ್ಜುಗಳ ಮುಂದೆ ಬರೆದುಕೊಟ್ಟರೆ ನಾಳೆ ನಮ್ಮ ಹೆಸರಿಗೂ ಶೀಟು ತೆರೆದರೆ ಏನು ಗತಿ ಎಂದು ಎಲ್ಲರೂ ಜಾರಿಕೊಂಡರು. ದೇವೀರಪ್ಪನವರಿಗೆ ಅದೇ ದಿನ ಹಲ್ಲು ನೋವು ಬರುತ್ತದಂತೆ. ಮೊಹಿದ್ದೀನ್ ಸಾಬ್ರು ಬರುತ್ತೇನೆ ಎಂದರು, ಆದರೆ ಅವರ ಬಾಯಿ ತೆರೆಸುವ ಧೈರ್ಯ ನನಗಿಲ್ಲ. ದೊಡ್ಡಬೀರಪ್ಪ ಬೇಲಿ ಮೇಲಿಂದಲೇ, "ಸ್ನೇಹಿತ ಅಂತ ಏನಿಲ್ಲ ಕಣಮ್ಮ, ಪಕ್ಕದ ಮನೆಯೋನು ಅಷ್ಟೆ" ಎಂದ.

ಅಂಬರೀನ್‌ಗೆ ಫೋನು ಮಾಡಿ, ಯಾರೂ ಇಲ್ಲ ಕಣಮ್ಮ ಎಂದೆ.

"ನೀವೇ ಹೋಗಿ ಅಕ್ಕಾ."

"ನಾನು ಹೆಂಡ್ತಿ."

"ಹೆಂಡ್ತಿ ಸ್ನೇಹಿತೆ ಆಗಬಾರದು ಅಂತ ಕಾನೂನಲ್ಲಿ ಎಲ್ಲೂ ಇಲ್ಲ."

"ನಮ್ಮನೇಲಿ ಇದೆ" ಎಂದೆ. ನಗುತ್ತಲೇ ಫೋನಿಟ್ಟಳು.

ಜುಲೈ 10

ಜೈಲಿನಿಂದ ಇವರ ಒಪ್ಪಿಗೆ ಬಂದಿದೆ, ಅಂಬರೀನ್ ಮೊಬೈಲಿನಲ್ಲಿ ಫೋಟೋ ಕಳಿಸಿದಳು. "ನನ್ನ ಸ್ನೇಹಿತೆ: ಹೇಮಾವತಿ" ಎಂದು ಬರೆದಿದ್ದಾರೆ. ಅಕ್ಷರ ಕಾಗೆ ಕಾಲು. ಮೂರ್ನಾಲ್ಕು ಸಲ ನೋಡಿದೆ, ಓದಲು ಅಷ್ಟು ಕಷ್ಟ.

ಈಗ ಟರ್ಕಿಯ ವಿಷಯ. ಇವರು ಪುಕ್ಕಲು ಎನ್ನುವುದಕ್ಕೆ ಗಟ್ಟಿ ಸಾಕ್ಷಿ ಪ್ರಪಂಚದಲ್ಲಿ ಅದೊಂದೇ. ಹೋದ ವರ್ಷ ದೊಡ್ಡಬೀರಪ್ಪನ ಟರ್ಕಿ ಬೇಲಿ ಹಾರಿ ಹಿತ್ತಲಿಗೆ ಬಂತು. ಇವರು ಅದನ್ನು ನೋಡಿದರು, ಅದು ಇವರನ್ನು ನೋಡಿತು. ನಾನು ಸಂತೆಯಿಂದ ಬರುವಾಗ ಇವರು ನೀರಿನ ಟ್ಯಾಂಕಿನ ಮೇಲೆ ಕಾಲು ಮಡಿಸಿಕೊಂಡು ಕೂತಿದ್ದರು, ಅದು ಕೆಳಗೆ ಗುಳುಗುಳು ಎಂದು ಸುತ್ತು ಹಾಕುತ್ತಿತ್ತು. ಬೆಳಗ್ಗಿನಿಂದ ಹಾಗೇ ಇದ್ದರಂತೆ. ನೋಡಿದವರು ನಾನು ಮತ್ತು ದೊಡ್ಡಬೀರಪ್ಪ. ಇಬ್ಬರ ಕೈಲೂ ಅಂತರಘಟ್ಟಮ್ಮನ ಮೇಲೆ ಆಣೆ ಹಾಕಿಸಿದರು, ಯಾರ ಹತ್ತಿರವೂ ಬಾಯಿ ಬಿಡಬಾರದು ಎಂದು.

ಇವತ್ತು ದೊಡ್ಡಬೀರಪ್ಪನನ್ನು ಕೂರಿಸಿಕೊಂಡು ಹೇಳಿದೆ. "ಬಾಯ್ ಬಿಡಬಾರದು ಅಂತ ತಾನೇ ಆಣೆ? ಬರೆದು ಕೊಟ್ರೆ ಬಾಯ್ ಬಿಟ್ಟಂಗಲ್ಲ. ಅಮ್ಮಂಗೂ ಗೊತ್ತಾಯ್ತದೆ" ಎಂದು ಬಾಯಿ ಬಿಗಿಹಿಡಿದುಕೊಂಡೇ ಎರಡು ಹಾಳೆ ಬರೆದುಕೊಟ್ಟ. ಟರ್ಕಿಯ ತೂಕವನ್ನೂ ಹಾಕಿದ್ದಾನೆ. ಬ್ಯಾಗಿನಲ್ಲಿಟ್ಟಿದ್ದೇನೆ. ಇದನ್ನು ತೋರಿಸಿದರೆ ಇವರು ಬಿಡುಗಡೆ, ಇವರ ಕಸುಬಿನ ಕತೆ ಅಲ್ಲಿಗೇ ಮುಗಿಯಿತು. ತೋರಿಸದಿದ್ದರೆ ಕಸುಬು ಉಳಿಯುತ್ತದೆ, ಇವರು ಒಳಗೆ. ಬೈದುಕೊಂಡಾದರೂ ಮನೆಯಲ್ಲಿರಲಿ, ತೋರಿಸುತ್ತೇನೆ.

ಜುಲೈ 15

ಬರೆಯದಿದ್ದರೆ ಮರೆತುಹೋಗುತ್ತದೆ, ರೈಲಿನಲ್ಲೇ ಬರೆಯುತ್ತಿದ್ದೇನೆ. ಅಂಬರೀನ್ ಎದುರು ಸೀಟಿನಲ್ಲಿ ಶೇಂಗಾ ತಿನ್ನುತ್ತಿದ್ದಾಳೆ.

ದೊಡ್ಡ ಕೋಣೆ. ಮೇಜಿನ ಆಚೆ ಮೂವರು ನ್ಯಾಯಾಧೀಶರು, ನಡುವಿನವರು ವಯಸ್ಸಾದವರು, ಅವರೇ ಅಧ್ಯಕ್ಷರು. ಈಚೆ ಒಬ್ಬ ಪೊಲೀಸ್ ಅಧಿಕಾರಿ, ಒಂದು ಹೊರೆ ಫೈಲು. ಇವರನ್ನು ಕರೆತಂದರು. ನಾನು ಗುರುತೇ ಹಿಡಿಯಲಿಲ್ಲ. ಕಪ್ಪು ಬಣ್ಣವೆಲ್ಲ ಹೋಗಿ ಮೀಸೆ ಪೂರ್ತಿ ಬಿಳಿ. ಬಾಗಿಲಷ್ಟು ಅಗಲವಿದ್ದ ಮನುಷ್ಯ ಕಿಟಕಿಯಷ್ಟಾಗಿದ್ದರು. ನನ್ನನ್ನು ನೋಡಿ ಬೆನ್ನು ನೇರ ಮಾಡಿಕೊಂಡು ನಿಂತರು. ನಾನು ಪಕ್ಕದ ಕುರ್ಚಿ ಹಿಡಿದುಕೊಂಡೆ. ಬೆಳಗ್ಗೆ ತಿಂಡಿ ತಿಂದಿರಲಿಲ್ಲ.

ಅಧ್ಯಕ್ಷರು ನನ್ನನ್ನು ನೋಡಿ, "ನೀವು ಯಾರಮ್ಮ?" ಎಂದರು.

"ಸ್ನೇಹಿತೆ ಸ್ವಾಮಿ."

"ಇಲ್ಲಿ ಹೆಂಡತಿ ಅಂತಲೂ ಇದೆಯಲ್ಲ?"

"ಅದೂ ಹೌದು. ಸ್ನೇಹಿತೆ ಆಗಿದ್ದು ಈಚೆಗೆ."

ಅವರು ನಗಲಿಲ್ಲ, ಆದರೆ ಬಹಳ ಹೊತ್ತು ಫೈಲು ನೋಡುತ್ತಿದ್ದರು. ಆಮೇಲೆ ಅಧಿಕಾರಿಯನ್ನು ಕೇಳಿದರು, ಒಂದನೇ ಕಾರಣದಲ್ಲಿ ಇವರು ಮಾಡಿದ್ದೇನು?

"ನಿಂತಿದ್ದರು ಸರ್."

"ಆಮೇಲೆ?"

"ನಿಂತೇ ಇದ್ದರು ಸರ್."

"ಎರಡನೆಯದರಲ್ಲಿ?"

"ಅಲ್ಲಿ ಬಾಗಿಲಲ್ಲಿ ನಿಂತಿದ್ದರು ಸರ್."

"ಇವರ ಮನವಿಗೆ ಉತ್ತರ ಎಲ್ಲಿ? ಜೂನ್‌ನಲ್ಲೇ ಕೊಟ್ಟಿದ್ದಾರೆ."

"ಪರಿಶೀಲನೆಯಲ್ಲಿದೆ ಸರ್."

"ಒಬ್ಬ ಮನುಷ್ಯ ಒಳಗೆ ಕೂತು ಉತ್ತರಕ್ಕೆ ಕಾಯ್ತಾ ಇದ್ದಾನೆ ಅನ್ನೋದು ಪರಿಶೀಲನೆ ಮಾಡೋರಿಗೆ ಗೊತ್ತಿದೆಯಾ?" ಎಂದರು. ಅಧಿಕಾರಿ ಫೈಲು ತಿರುವಿದರು.

ನನಗೆ ಏನಾದರೂ ಹೇಳುವುದಿದೆಯಾ ಎಂದರು. ಬ್ಯಾಗಿಗೆ ಕೈ ಹಾಕಿದೆ. ದೊಡ್ಡಬೀರಪ್ಪನ ಹಾಳೆ ಕೈಗೆ ಸಿಕ್ಕಿತು. ಇವರು ನನ್ನ ಕೈಯನ್ನೇ ನೋಡುತ್ತಿದ್ದರು, ಅದೇನೆಂದು ಅವರಿಗೆ ಗೊತ್ತಾಗಿಹೋಗಿತ್ತು. ಆ ಬಿಳಿ ಮೀಸೆಯ ಕೆಳಗೆ ತುಟಿ ಅಲುಗಿತು. ನನ್ನ ಕೈ ಮೇಲೆ ಬರಲಿಲ್ಲ. ಯಾಕೆಂದು ಗೊತ್ತಿಲ್ಲ. ಬ್ಯಾಗಿನ ಜಿಪ್ ಎಳೆದು ಬಾಯಿಗೆ ಬಂದದ್ದು ಹೇಳಿದೆ.

"ಸ್ವಾಮಿ, ಇವರನ್ನ ನಿಂತಿದ್ದಕ್ಕೆ ಹಿಡ್ಕೊಂಡು ಬಂದ್ರು. ಇವರು ಇಲ್ಲದೇ ಇರೋವಾಗ ನಾನೂ ನಿಂತಿದ್ದೀನಿ. ಹುಲಿಗೆಮ್ಮನ ಹೊಲದಾಗೆ ನಿಂತಿದ್ದೀನಿ, ಕಡೂರು ಬಸ್ ಸ್ಟ್ಯಾಂಡಲ್ಲಿ ನಿಂತಿದ್ದೀನಿ, ಮೊನ್ನೆ ಬೀರೂರಲ್ಲಿ ಟ್ಯಾಂಕರ್ ನೀರಿಗೆ ಹೊಡೆದಾಡ್ತಿದ್ರು, ಅಲ್ಲೂ ನಿಂತಿದ್ದೀನಿ. ತಪ್ಪು ಅನ್ನೋದಾದ್ರೆ ನನ್ನೂ ಹಿಡೀರಿ, ಇಬ್ರೂ ಒಟ್ಟಿಗೆ ಇರ್ತೀವಿ. ಪೊಲೀಸ್ ಸಾಹೇಬ್ರು, ಮುಂದೆ ಗಲಾಟೆ ಆಗಬಾರದು ಅಂತ ಇವರನ್ನ ಒಳಗೆ ಹಾಕಿದ್ರು. ಇವರೂ ಅದೇ ಕೆಲಸ ಮಾಡೋದು, ಮುಂದೆ ಗಲಾಟೆ ಆಗಬಾರದು ಅಂತ ಹೋಗಿ ನಿಲ್ತಾರೆ. ಆದ್ರೆ ಇಷ್ಟು ವರ್ಷದಲ್ಲಿ ಯಾರ್‌ನೂ ಕೂಡಿ ಹಾಕಿಲ್ಲ."

ಹೇಳಿ ಮುಗಿಸಿದೆ. ಅಷ್ಟರಲ್ಲಿ ಇವರು ಕೆಮ್ಮಿದರು. ಧೂಳಿಲ್ಲದೆ ಇವರು ಕೆಮ್ಮಿದ್ದನ್ನು ನಾನು ಕೇಳಿದ್ದು ಇದೇ ಮೊದಲು.

"ಸ್ವಾಮಿ, ಅವಳು ಒಂದು ವಿಷಯ ಮುಚ್ಚಿಡ್ತಾವ್ಳೆ. ನಂಗೆ ಟರ್ಕಿ ಕೋಳಿ ಕಂಡ್ರೆ ಭಯ."

ಇವರು ಟ್ಯಾಂಕು ಹತ್ತಿದ್ದರಿಂದ ಹಿಡಿದು ಎಲ್ಲ ಹೇಳಿದರು. ಅದರ ಕೂಗನ್ನೂ ಮಾಡಿ ತೋರಿಸಿದರು. ಬಲಗಡೆಯ ನ್ಯಾಯಾಧೀಶರು, "ಅದು ಕಚ್ಚುತ್ತಾ?" ಎಂದು ಕೇಳಿದರು. "ಕಚ್ಚೋವರೆಗೂ ನಾನು ಕಾಯ್ಲಿಲ್ಲ ಸ್ವಾಮಿ" ಎಂದರು ಇವರು. ಪೊಲೀಸ್ ಅಧಿಕಾರಿ ಕರ್ಚೀಫು ಬಾಯಿಗೆ ಒತ್ತಿ ಹಿಡಿದಿದ್ದರು. ಬರೆದುಕೊಳ್ಳುವವನು ಬರೆದುಕೊಳ್ಳಬೇಕೋ ಬೇಡವೋ ಎಂದು ಅಧ್ಯಕ್ಷರ ಮುಖ ನೋಡಿದ.

ಅಧ್ಯಕ್ಷರು ಕನ್ನಡಕ ತೆಗೆದು ಇವರಿಗೆ ಹೇಳಿದರು. "ಕಲ್ಲೇಶ್, ಟರ್ಕಿ ವಿಷಯ ನೀವು ಹೇಳೋ ಅಗತ್ಯ ಇರಲಿಲ್ಲ. ನೀವು ಪುಕ್ಕಲು ಅಂತ ತೋರಿಸಿ ಮನೆಗೆ ಹೋಗಬೇಕಾಗಿಲ್ಲ. ಧೈರ್ಯಸ್ಥರನ್ನೂ ಕಾರಣ ಇಲ್ಲದೆ ಕೂಡಿ ಹಾಕೋ ಹಾಗಿಲ್ಲ."

ಇವರು, "ಅಯ್ಯೋ, ಮೊದ್ಲೇ ಹೇಳಬಾರದಾ ಸ್ವಾಮಿ" ಎಂದರು.

ತೀರ್ಮಾನ ಅಲ್ಲೇ ಹೇಳುವುದಿಲ್ಲ, ಸರ್ಕಾರಕ್ಕೆ ಬರೆದು ಕಳಿಸುತ್ತಾರೆ. ಕರೆದುಕೊಂಡು ಹೋಗುವಾಗ ಬಾಗಿಲಲ್ಲಿ ಇವರು ನಿಂತರು. "ಬೀರೂರಲ್ಲಿ ನಿಂತಾಗ ಕೈ ಎದೆ ಮೇಲಾ, ಸೊಂಟದ ಮೇಲಾ?" ಎಂದು ಕೇಳಿದರು.

"ಸೊಂಟದ ಮೇಲೆ" ಎಂದೆ.

"ಎದೆ ಮೇಲೆ ಕಟ್ಟಬೇಕು ಕಣೇ. ಸೊಂಟದ ಮೇಲೆ ಇಟ್ರೆ ಬೈಯೋಕೆ ಬಂದಂಗೆ ಕಾಣ್ತದೆ" ಎಂದು ಹೇಳಿ ಹೋದರು.

ಜುಲೈ 18

ಸುದ್ದಿ ಇಲ್ಲ.

ಜುಲೈ 19

ಸುದ್ದಿ ಇಲ್ಲ. ಟರ್ಕಿಗೆ ಒಂದು ಹಿಡಿ ರಾಗಿ ಹಾಕಿದೆ. ಅದೇನು ಮಾಡಿತ್ತು ಪಾಪ.

ಜುಲೈ 21

ಅಂಬರೀನ್ ಫೋನು ಮಾಡಿದಳು. ಕಾರಣ ಸಾಲದು ಎಂದು ಮಂಡಳಿ ಬರೆದಿದೆ, ಸರ್ಕಾರ ಆದೇಶ ಹಿಂತೆಗೆದುಕೊಂಡಿದೆ, ನಾಳೆ ಬಿಡುತ್ತಾರೆ. ಅವಳು ಹೇಳುತ್ತಾ ಹೇಳುತ್ತಾ ಅತ್ತಳು, ಅವಳ ಮೊದಲನೇ ದೊಡ್ಡ ಕೇಸಂತೆ. ನಾನು ಅಳಲಿಲ್ಲ. ಮೆಣಸಿನಕಾಯಿ ಬೀಸುತ್ತಿದ್ದೆ, ಕಣ್ಣಲ್ಲಿ ನೀರು ಬಂದದ್ದು ಅದಕ್ಕೆ.

ಆಮೇಲೆ ನೋಡಿದರೆ ಮಿಲ್ಲಿನ ಬಾಯಲ್ಲಿ ಇದ್ದದ್ದು ಅಕ್ಕಿ.

ಜುಲೈ 23

ಬಂದರು. ಬೀರೂರಿನಲ್ಲಿ ರೈಲಿನಿಂದ ಇಳಿದವರು ಆಟೋ ಹತ್ತಲಿಲ್ಲ. ಕರೆತರಲು ಹೋಗಿದ್ದ ನಾನೂ ಇವರೂ ನಡೆದೇ ಬಸ್ ಸ್ಟ್ಯಾಂಡಿಗೆ ಹೋದೆವು. ಮನೆಗೆ ಬಂದ ಮೇಲೂ ಒಂದು ಕಡೆ ನಿಲ್ಲಲಿಲ್ಲ. ಹಿತ್ತಲಿಗೆ ಹೋದರು, ಗೇಟಿಗೆ ಬಂದರು, ರೈಲ್ವೆ ಸ್ಟೇಷನ್ನಿಗೆ ಹೋಗಿ ಬೆಂಚಿನ ಮೇಲೆ ಕೂತು ವಾಪಸ್ಸು ಬಂದರು, ಮತ್ತೆ ಹೊರಟರು.

"ಎಲ್ಲಿಗ್ರೀ?" ಎಂದೆ.

"ಎಲ್ಲಿಗೂ ಇಲ್ಲ. ಹೋಗಬಹುದಲ್ಲ, ಅದಕ್ಕೆ ಹೋಗ್ತಾ ಇದ್ದೀನಿ" ಎಂದರು.

ನಾನೂ ಚಪ್ಪಲಿ ಮೆಟ್ಟಿ ಜೊತೆಗೆ ಹೋದೆ. ದಾರಿಯಲ್ಲಿ ಬೈಯುವುದಕ್ಕೆ ಬೇಕಾದಷ್ಟು ಬಾಕಿ ಇತ್ತು, ಒಂದೂ ನೆನಪಾಗಲಿಲ್ಲ.

ಆಗಸ್ಟ್ 3

ಟರ್ಕಿಯ ವಿಷಯ ಊರಿಗೆಲ್ಲ ಗೊತ್ತಾಗಿದೆ. ದೊಡ್ಡಬೀರಪ್ಪ ಯಾರ ಹತ್ತಿರವೂ ಬಾಯಿ ಬಿಟ್ಟಿಲ್ಲವಂತೆ, ಕೇಳಿದವರಿಗೆಲ್ಲ ಬರೆದು ತೋರಿಸಿದ್ದಾನೆ. ಇವರು ರಸ್ತೆಗೆ ಹೋದರೆ ಸ್ಕೂಲು ಮಕ್ಕಳು ಗುಳುಗುಳು ಎನ್ನುತ್ತವೆ. ಹತ್ತು ದಿನ ಯಾರೂ ಕರೆಯಲಿಲ್ಲ. ಬಣ್ಣದ ಪೊಟ್ಟಣ ತಂದುಕೊಟ್ಟರೆ, "ಯಾರನ್ನ ಹೆದರಿಸೋಕೆ?" ಎಂದು ಎತ್ತಿಟ್ಟುಬಿಟ್ಟರು. ಮಿಲ್ಲಿನಲ್ಲಿ ಚೀಲ ಎತ್ತಿಕೊಟ್ಟರು. ಇಷ್ಟು ವರ್ಷದಲ್ಲಿ ಅದೇ ಮೊದಲು, ನನಗೇ ಸಂಕಟವಾಯಿತು.

ಇವತ್ತು ಬೆಳಗ್ಗೆ ದೇವೀರಪ್ಪನವರ ಫೋನು ಬಂತು. ಮಂಡಿಯಲ್ಲಿ ಎರಡು ಲಾರಿಯವರು ಕಾಲರ್ ಹಿಡಿದುಕೊಂಡಿದ್ದಾರೆ, ಹೇಮಕ್ಕ ಬರಬೇಕು ಎಂದರು. ನನ್ನನ್ನು ಕರೆದರು, ಇವರನ್ನಲ್ಲ. ಇವರು ಹಿಟ್ಟು ಕೊಡವಿಕೊಳ್ಳುತ್ತಾ ಪಕ್ಕದಲ್ಲೇ ಇದ್ದರು. "ಹೋಗಿ ಬಾ" ಎಂದರು.

"ಬನ್ರೀ, ನಂಗೆ ಕೈ ಎಲ್ಲಿ ಕಟ್ಟಬೇಕು ಅಂತ ಮರೆತುಹೋಗೈತೆ" ಎಂದು ಕರೆದುಕೊಂಡು ಹೋದೆ.

ಬೀರೂರಿನಲ್ಲಿ ಇಬ್ಬರೂ ನಿಂತೆವು, ಇವರು ಎತ್ತರಕ್ಕೆ, ನಾನು ಪಕ್ಕದಲ್ಲಿ. ಕಾಲರ್ ಹಿಡಿದವರಲ್ಲಿ ಒಬ್ಬ ಇವರ ಬಿಳಿ ಮೀಸೆ ನೋಡಿದ. ಹೆದರಲಿಲ್ಲ. ಅವನ ತುಟಿ ಅಲುಗಿತು. ಹಿಂದಿನಿಂದ ಯಾರೋ ಮೆಲ್ಲಗೆ ಗುಳುಗುಳು ಎಂದರು. ಇವನು ಕಿಸಕ್ಕೆಂದ, ಅವನು ನಕ್ಕ, ಕಾಲರ್ ಹಿಡಿದಿದ್ದ ಕೈಯಲ್ಲೇ ಒಬ್ಬರ ಭುಜ ಒಬ್ಬರು ಹಿಡಿದು ನಕ್ಕರು. ಮಂಡಿಯವರೆಲ್ಲ ನಕ್ಕರು. ಇವರ ಮುಖ ನೋಡಿದೆ, ಎಲ್ಲಿ ಅವಮಾನವಾಯಿತೋ ಎಂದು. ಇವರು ಎದೆ ಮೇಲೆ ಕಟ್ಟಿದ ಕೈ ಬಿಚ್ಚಿ, ಅದೇ ಕೂಗನ್ನು ಇನ್ನೂ ಚೆನ್ನಾಗಿ ಕೂಗಿ ತೋರಿಸಿದರು. ಜಗಳ ಅಲ್ಲಿಗೇ ಮುಗಿಯಿತು. ಹೋಳಿಗೆ ಊಟ ಹಾಕಿದರು, ಈ ಸಲ ನನಗೂ.

ಈಗ ಮಧ್ಯಾಹ್ನ. ಉಂಡು ಬಂದವರು ರಾಗಿ ಚೀಲಗಳ ಮೇಲೆ, ಆ ಫ್ಲೆಕ್ಸಿನ ಕೆಳಗೆ ಮಲಗಿದ್ದಾರೆ. ಮಿಲ್ಲಿನ ಸದ್ದನ್ನೂ ಮೀರಿಸಿ ಗೊರಕೆ. ಹುಲಿಗೆಮ್ಮ ಬಂದು, ಏನೇ ಇದು, ಹೇಗೆ ತಡ್ಕೊಂತೀಯ ಎಂದಳು. ನಡುವೆ ಒಂದು ಗಳಿಗೆ ಗೊರಕೆ ನಿಂತ ಹಾಗಾಯಿತು. ಕರೆಂಟು ಇದ್ದರೂ ಮಿಲ್ಲು ಆಫ್ ಮಾಡಿ ಕಿವಿಗೊಟ್ಟೆ. ಮತ್ತೆ ಶುರುವಾಯಿತು. ಆಮೇಲೆ ಮಿಲ್ಲು ಹಾಕಿದೆ.

ಮೇಜು ಬಹಳ ಕುಂಟುತ್ತಿದೆ. ಈ ಡೈರಿಯನ್ನು ಮತ್ತೆ ಅದರ ಕಾಲ ಕೆಳಗೆ ಇಡಬೇಕು.